ಪರದೆ ಏಳೋಕೆ 15 ನಿಮಿಷ ಇದ್ದಾಗ ಬಂದ ಮಿಮಿ

ಆನ್-ಕಾಲ್ ಡ್ಯೂಟಿ ಮಾಡಿದವರಿಗೆ ಗೊತ್ತು, ಹೊತ್ತಲ್ಲದ ಹೊತ್ತಲ್ಲಿ ಫೋನ್ ಬಂದರೆ ಹೊಟ್ಟೆಯೊಳಗೆ ಏನಾಗುತ್ತೆ ಅಂತ. ನಮ್ಮದು ಹೆಚ್ಚೆಂದರೆ ಸರ್ವರ್ ಬಿದ್ದಿರುತ್ತೆ. 1975ರ ಜನವರಿಯಲ್ಲಿ ಇಂಗ್ಲೆಂಡಿನ ಕೆಂಟ್‌ನಲ್ಲಿದ್ದ ರೊಮೇನಿಯಾದ ಗಾಯಕಿ ಇಲಿಯಾನಾ ಕೊಟ್ರುಬಾಶ್‌ಗೆ ಕರೆ ಬಂದಿದ್ದು ಇಟಲಿಯ ಮಿಲಾನ್‌ನಿಂದ. ಅಲ್ಲಿನ ಲಾ ಸ್ಕಾಲಾ ಒಪೆರಾ ಮಂದಿರದಲ್ಲಿ ಪುಚ್ಚೀನಿಯ ‘ಲಾ ಬೋಹೆಮ್’. ನಾಯಕಿ ಮಿಮಿಯಾಗಿ ಹಾಡಬೇಕಿದ್ದ ಮಿರೆಲ್ಲಾ ಫ್ರೆನಿಗೆ ಹುಷಾರಿಲ್ಲ. ಕೊಟ್ರುಬಾಶ್ ವಿಮಾನ ಹತ್ತಿದರು. ಮಂದಿರ ತಲುಪಿದಾಗ ಪರದೆ ಏಳೋಕೆ ಉಳಿದಿದ್ದು 15 ನಿಮಿಷ!

ಇದು ಎಷ್ಟು ಅಪಾಯದ ಕೆಲಸ ಅಂದ್ರೆ, ಲಾ ಸ್ಕಾಲಾದ ಮೇಲಿನ ಗ್ಯಾಲರಿಯಲ್ಲಿ ಕೂರುವ ರಸಿಕರು ಯಾರನ್ನೂ ಬಿಡಲ್ಲ. ಹಿಡಿಸದಿದ್ದರೆ ಎಷ್ಟೇ ದೊಡ್ಡ ಗಾಯಕರಿರಲಿ, ಅಲ್ಲೇ ಕೂಗಿ ಗೇಲಿ ಮಾಡ್ತಾರೆ. ಅದರಲ್ಲೂ ಫ್ರೆನಿ ಅವರ ಕಣ್ಮಣಿ, ಮಿಮಿ ಅಂದರೆ ಫ್ರೆನಿ ಅನ್ನುವಷ್ಟು. ಅಂಥ ಜಾಗದಲ್ಲಿ, ರಿಹರ್ಸಲ್‌ಗೂ ಪುರುಸೊತ್ತಿಲ್ಲದೆ ಹಾಡಿ, ಕೊಟ್ರುಬಾಶ್ ಗೆದ್ದರು. ಎರಡು ವರ್ಷದ ನಂತರ ನ್ಯೂಯಾರ್ಕ್‌ನ ಮೆಟ್ರೊಪಾಲಿಟನ್ ಒಪೆರಾದಲ್ಲಿ ಮೊದಲ ಸಲ ಹಾಡಿದ್ದೂ ಇದೇ ಮಿಮಿ ಪಾತ್ರವನ್ನೇ.

ಅದೃಷ್ಟ ಅನ್ನಬೇಡಿ. ಹುಟ್ಟಿದ್ದು 1939ರಲ್ಲಿ, ಡ್ಯಾನ್ಯೂಬ್ ನದಿ ದಡದ ಗಲಾಟ್ಸ್ ಊರಲ್ಲಿ. ಚಿಕ್ಕವಳಿದ್ದಾಗಲೇ ರೇಡಿಯೊದ ಮಕ್ಕಳ ಗಾಯನ ತಂಡ ಸೇರಿದ್ದರು. 1964ರಲ್ಲಿ ಬುಕಾರೆಸ್ಟ್ ಒಪೆರಾದಲ್ಲಿ ಸಿಕ್ಕ ಮೊದಲ ಪಾತ್ರ ನಾಯಕಿಯದ್ದಲ್ಲ, ಡೆಬ್ಯುಸಿಯ ‘ಪೆಲ್ಲೆಯಾಸ್ ಎ ಮೆಲಿಸಾಂಡ್’ನಲ್ಲಿ ಬರುವ ಪುಟ್ಟ ಹುಡುಗನದ್ದು. ಆಗ ಅಲ್ಲಿ ಕಮ್ಯುನಿಸ್ಟ್ ಆಡಳಿತ. ಹೊರಗಿನ ಬಾಗಿಲು ತೆರೆದದ್ದು ನೆದರ್ಲೆಂಡ್ಸ್, ಮ್ಯೂನಿಕ್‌ಗಳ ಗಾಯನ ಸ್ಪರ್ಧೆಗಳು. 1967ರಲ್ಲಿ ಸಾಲ್ಜ್‌ಬರ್ಗ್‌ಗೆ ಹೋದಾಗಲೂ ಮೊಜಾರ್ಟ್‌ನ ‘ಮ್ಯಾಜಿಕ್ ಫ್ಲೂಟ್’ನ ಮೂವರು ಹುಡುಗರಲ್ಲಿ ಒಬ್ಬ! ಆದರೆ 1969ರಲ್ಲಿ ಇಂಗ್ಲೆಂಡಿನ ಗ್ಲೈಂಡ್‌ಬರ್ನ್‌ನಲ್ಲಿ ಅದೇ ಡೆಬ್ಯುಸಿ ಒಪೆರಾದ ಮೆಲಿಸಾಂಡ್ ಆದರು. ಮುಂದೆ ಸಾಲ್ಜ್‌ಬರ್ಗ್‌ನಲ್ಲೇ ‘ಮ್ಯಾಜಿಕ್ ಫ್ಲೂಟ್’ನ ನಾಯಕಿ ಪಮೀನಾ. ಇಂಟರ್ನ್ ಆಗಿ ಸೇರಿದ ಪ್ರಾಜೆಕ್ಟಿಗೇ ಲೀಡ್ ಆಗಿ ವಾಪಸ್ ಬಂದಂತೆ.

ಇನ್ನೊಂದು ವಿಷಯ, ಅವರದು ಭಾರಿ ದನಿ ಅಲ್ಲ. ಮೆಟ್ರೊಪಾಲಿಟನ್‌ನಲ್ಲಿ ಸುಮಾರು 3,800 ಸೀಟು, ಮೈಕ್ ಇಲ್ಲ, ಮುಂದೆ ಪೂರ್ತಿ ಆರ್ಕೆಸ್ಟ್ರಾ. ಹಾಗಾದರೆ ಕೊನೆ ಸಾಲಿಗೆ ಕೇಳೋದು ಹೇಗೆ? ಇಲ್ಲಿ ಬರೀ ಜೋರು ನಡೆಯಲ್ಲ. ಸ್ವರ ಮೇಲೇರಿದ ಹಾಗೆ ಸೊಪ್ರಾನೊಗಳು ಬಾಯಿ ಹೆಚ್ಚು ತೆರೆದು, ಬಾಯಿ-ಗಂಟಲಿನ ಅನುರಣನವನ್ನು ಆ ಸ್ವರದ ಆವರ್ತನಕ್ಕೇ ಹೊಂದಿಸಿಕೊಳ್ತಾರೆ. ಕಡಿಮೆ ಶಕ್ತಿಯಲ್ಲೇ ಹೆಚ್ಚು ಧ್ವನಿ. ಅದಕ್ಕೆ ತೆರಬೇಕಾದ ಬೆಲೆ, ಮೇಲಿನ ಸ್ವರಗಳಲ್ಲಿ ಆ-ಈ-ಊ ಎಲ್ಲಾ ಒಂದೇ ಥರ ಕೇಳಿಸೋದು. ಕೊಟ್ರುಬಾಶ್ ಹಾಡುವಾಗ ಮಾತಿನ ಭಾವ ಆಗಲೂ ಉಳಿಯುತ್ತೆ ಅಂತ ನನಗನ್ನಿಸುತ್ತೆ. ಭಾಷೆ ಬರದ ನನಗೂ ಅವಳು ಹೆದರಿದ್ದಾಳೋ, ಸುಳ್ಳು ಹೇಳ್ತಿದ್ದಾಳೋ ಗೊತ್ತಾಗುತ್ತೆ.

ಇದನ್ನು ಪರೀಕ್ಷಿಸಬೇಕಿದ್ರೆ ವೆರ್ಡಿಯ ‘ಲಾ ಟ್ರಾವಿಯಾಟಾ’ ಕೇಳಿ, ಕಾರ್ಲೋಸ್ ಕ್ಲೈಬರ್ ನಿರ್ದೇಶನದ್ದು. ಕ್ಲೈಬರ್ ಎಂಥ ಕಟ್ಟುನಿಟ್ಟಿನ ಮನುಷ್ಯ ಅಂದ್ರೆ, ಇಡೀ ಜೀವನದಲ್ಲಿ ಸ್ಟುಡಿಯೊದಲ್ಲಿ ಪೂರ್ತಿಯಾಗಿ ರೆಕಾರ್ಡ್ ಮಾಡಿದ ಒಪೆರಾಗಳು ನಾಲ್ಕೇ. ಅದರಲ್ಲಿ ಇದೊಂದು; ವಯೊಲೆಟ್ಟಾ ಪಾತ್ರ ಕೊಟ್ರುಬಾಶ್‌ದು, ಜೊತೆಗೆ ಪ್ಲಾಸಿಡೊ ಡೊಮಿಂಗೊ. ಮೊದಲ ಅಂಕದ ಕೊನೆಯ ಪಟಾಕಿಯಂಥ ಹಾಡನ್ನು ಇವರಿಗಿಂತ ಚೆನ್ನಾಗಿ ಹಾಡಿದವರಿದ್ದಾರೆ, ಒಪ್ತೀನಿ. ಎರಡನೇ ಅಂಕದಲ್ಲಿ ಪ್ರಿಯಕರನ ಅಪ್ಪ ಬಂದು ‘ಮಗನನ್ನು ಬಿಟ್ಟುಬಿಡು’ ಅಂತ ಕೇಳಿದಾಗ ಇವಳು ಒಪ್ಪಿಕೊಳ್ಳೋ ಜಾಗವಿದೆಯಲ್ಲ, ಅದನ್ನು ಮಾತ್ರ ಬಸ್ಸಲ್ಲಿ ಕೇಳಬೇಡಿ. ನಾನು ಕೇಳಿ ಸ್ಟಾಪ್ ತಪ್ಪಿಸಿಕೊಂಡೆ.

1990ರಲ್ಲಿ, ಐವತ್ತರ ಆಸುಪಾಸಿನಲ್ಲೇ, ವೇದಿಕೆ ಬಿಟ್ಟರು. ಆಮೇಲೆ ಪಾಠ ಹೇಳಿದರು. ಒಪೆರಾ ಜಗತ್ತಿನ ಬಗ್ಗೆ ಇದ್ದ ಬೇಸರವನ್ನು ಮುಚ್ಚಿಡದೆ ಪುಸ್ತಕವನ್ನೂ ಬರೆದರು.

1982ರ ಲಂಡನ್ ‘ಲಾ ಬೋಹೆಮ್’ನ ವಿಡಿಯೊ ಇದೆ. ಅದರಲ್ಲೂ ಅವರೇ ಮಿಮಿ. ಕೊನೆಯ ಅಂಕ ನೋಡಿ. ಕ್ಷಯರೋಗದ ಮಿಮಿ ಹಾಸಿಗೆಯಲ್ಲಿ ಮೆಲ್ಲಗೆ ಹಾಡ್ತಾ ಹಾಡ್ತಾ ಸುಮ್ಮನಾಗ್ತಾಳೆ. ಕೋಣೆಯಲ್ಲಿರೋ ಗೆಳೆಯರಿಗೆ ಅವಳು ಹೋದಳು ಅಂತ ಗೊತ್ತಾಗುತ್ತೆ. ಎಲ್ಲರಿಗಿಂತ ಕೊನೆಗೆ ಗೊತ್ತಾಗೋದು, ಅವಳನ್ನು ಪ್ರೀತಿಸಿದ ರೊಡಾಲ್ಫೊಗೆ.