ಬೆಳಕು ಬಂದಾಗ ಕೀಲಿ ಎಲ್ಲಿತ್ತು?

ಕಳೆದ ವರ್ಷ ನೇಮಕಾತಿ ಪರೀಕ್ಷೆಯೊಂದರಲ್ಲಿ ಪಾಸಾದೆ. ಮೂರು ವರ್ಷ ಧಾರವಾಡದ ಓದುಕೋಣೆಯಲ್ಲಿ ಕೂತಿದ್ದಕ್ಕೆ ಸಿಕ್ಕ ಮೊದಲ ಫಲ ಅದು. ದಾಖಲೆ ಪರಿಶೀಲನೆಗೆ ಕರೆಯೂ ಬಂತು. ಖುಷಿಯಲ್ಲಿ ಫೈಲ್ ತೆರೆದರೆ ಎದೆ ಧಸಕ್ಕೆಂದಿತು. ನನ್ನ ಜಾತಿ–ಆದಾಯ ಪ್ರಮಾಣಪತ್ರದ ಅವಧಿ ಅರ್ಜಿ ಹಾಕುವ ಮೊದಲೇ ಮುಗಿದಿತ್ತು. ಹೊಸದು ಮಾಡಿಸಿಕೊಂಡು ಹೋದೆ. ಆದರೆ ಅರ್ಜಿಯ ಕೊನೆಯ ದಿನಾಂಕದೊಳಗೆ ಪಡೆದ ಪತ್ರವೇ ಬೇಕಿತ್ತು. ಮೀಸಲಾತಿ ಸಿಗಲಿಲ್ಲ, ಸಾಮಾನ್ಯ ವರ್ಗಕ್ಕೆ ಅಂಕ ಸಾಲಲಿಲ್ಲ. ಯಾರನ್ನೂ ದೂರುವಂತಿರಲಿಲ್ಲ, ತಪ್ಪು ನನ್ನದೇ. ‘ಇರ್ಲಿ ಬಿಡವ್ವಾ, ಮುಂದಿನ ಸಲ ಆಗ್ತೈತಿ’ ಎಂದ ಅಪ್ಪನ ದನಿ ಫೋನಿನಲ್ಲಿ ಸಣ್ಣಗಾಗಿತ್ತು.

ಆಮೇಲೆ ಒಂದು ತಿಂಗಳು ಪಠ್ಯಪುಸ್ತಕ ಮುಟ್ಟಲು ಮನಸ್ಸಾಗಲಿಲ್ಲ. ಇಂಗ್ಲಿಷ್ ಸುಧಾರಿಸಲಿ ಎಂದು ರೂಂಮೇಟ್ ಕೊಂಡು, ಓದದೇ ಇಟ್ಟಿದ್ದ ‘ದಿ ಹಾಬಿಟ್’ ಕೈಗೆ ಸಿಕ್ಕಿತು. ಆಕ್ಸ್‌ಫರ್ಡ್‌ನ ಪ್ರಾಧ್ಯಾಪಕ ಜೆ.ಆರ್.ಆರ್. ಟೋಲ್ಕೀನ್ 1937ರಲ್ಲಿ ಪ್ರಕಟಿಸಿದ ಕಾದಂಬರಿ. ಉತ್ತರಪತ್ರಿಕೆ ತಿದ್ದುತ್ತಿದ್ದಾಗ ಯಾರೋ ವಿದ್ಯಾರ್ಥಿ ಖಾಲಿ ಬಿಟ್ಟಿದ್ದ ಪುಟದ ಮೇಲೆ ಅವರು ಇದರ ಮೊದಲ ಸಾಲು ಗೀಚಿದ್ದರಂತೆ. ಪರೀಕ್ಷೆಗಳಲ್ಲೇ ಮುಳುಗಿರುವ ನಮ್ಮಂಥವರಿಗೆ ಇಷ್ಟವಾಗುವ ಸಂಗತಿ!

ಕಥೆ ಸರಳ. ಡ್ರ್ಯಾಗನ್ ಕಿತ್ತುಕೊಂಡ ಬೆಟ್ಟದರಮನೆಯನ್ನು ಮರಳಿ ಪಡೆಯಲು ಥೋರಿನ್ ಎಂಬ ನಾಯಕನ ಜತೆ ಹನ್ನೆರಡು ಕುಳ್ಳರು ಹೊರಡುತ್ತಾರೆ. ಜತೆಗೆ ಬಿಲ್ಬೊ ಎಂಬ ಪುಟ್ಟ ಮನುಷ್ಯನಂಥ ಹಾಬಿಟ್. ಅವರ ಬಳಿ ಒಂದು ಹಳೆಯ ನಕ್ಷೆ, ಒಂದು ಕೀಲಿ. ನಕ್ಷೆಯಲ್ಲಿ ಕಣ್ಣಿಗೆ ಕಾಣದ ಅಕ್ಷರಗಳಿವೆ. ಬೆಳ್ಳಿಯ ಲೇಖನಿಯಲ್ಲಿ ಬರೆದ ಚಂದ್ರಾಕ್ಷರಗಳವು. ಯಾವ ಋತುವಿನಲ್ಲಿ, ಯಾವ ಆಕಾರದ ಚಂದ್ರನಿದ್ದಾಗ ಬರೆದರೋ ಅಂಥದೇ ಚಂದ್ರನ ಬೆಳಕು ಹಿಂದಿನಿಂದ ಬಿದ್ದರೆ ಮಾತ್ರ ಓದಬಹುದು. ಅದೃಷ್ಟಕ್ಕೆ, ನಡುಬೇಸಿಗೆಯ ಒಂದು ರಾತ್ರಿ ಎಲ್ರಾಂಡ್ ಎಂಬ ಜ್ಞಾನಿ ನಕ್ಷೆಯನ್ನು ಎತ್ತಿ ಹಿಡಿದಾಗ ಅಕ್ಷರಗಳು ಹೊಳೆಯುತ್ತವೆ.

ಇದೇನು ಬರೀ ಕಲ್ಪನೆಯಾ ಎಂದು ಹುಡುಕಿದೆ. ನಮ್ಮ ಆಕಾಶದಲ್ಲೂ ಅದೇ ತಾರೀಖಿಗೆ ಅದೇ ಆಕಾರದ ಚಂದ್ರ ಹೆಚ್ಚುಕಡಿಮೆ ಸರಿಯಾಗಿ ಮರಳುವುದು 19 ವರ್ಷಕ್ಕೊಮ್ಮೆ. 235 ಚಾಂದ್ರಮಾಸಗಳೂ 19 ಸೌರವರ್ಷಗಳೂ ಬಹುತೇಕ ಸಮ. ಅಂದರೆ ನೀವು ಹುಟ್ಟಿದ ದಿನದ ಚಂದ್ರ ನಿಮ್ಮ 19ನೇ ಹುಟ್ಟುಹಬ್ಬಕ್ಕೆ ಮತ್ತೆ ಬಂದು ಹೋಗಿರುತ್ತಾನೆ. ನನ್ನವನು ಬಂದದ್ದು ನನಗೆ ಗೊತ್ತೇ ಆಗಲಿಲ್ಲ.

ಆ ಅಕ್ಷರಗಳು ಹೇಳುವುದು ಒಂದು ದಿನದ ಗುಟ್ಟನ್ನು. ‘ಡ್ಯೂರಿನ್ ದಿನ’ದಂದು ಮುಳುಗುವ ಸೂರ್ಯನ ಕೊನೆಯ ಕಿರಣ ಬಂಡೆಯಲ್ಲಿ ಅಡಗಿದ ಬಾಗಿಲಿನ ಕೀಲಿರಂಧ್ರ ತೋರಿಸುತ್ತದೆ. ಶರತ್ಕಾಲದ ಕೊನೆಯ ಚಂದ್ರನೂ ಸೂರ್ಯನೂ ಒಟ್ಟಿಗೆ ಆಕಾಶದಲ್ಲಿರುವ ದಿನ ಅದು. ಬೆಂಗಳೂರಿನ ಗವಿ ಗಂಗಾಧರೇಶ್ವರ ದೇವಾಲಯದಲ್ಲಿ ಸಂಕ್ರಾಂತಿಯ ಸಂಜೆ ಶಿವಲಿಂಗದ ಮೇಲೆ ಸೂರ್ಯಕಿರಣ ಬೀಳುವುದನ್ನು ಟಿ.ವಿ.ಯಲ್ಲಿ ನೋಡಿದ್ದೀರಲ್ಲ, ಹಾಗೆ. ವ್ಯತ್ಯಾಸವೆಂದರೆ ನಮಗೆ ಸಂಕ್ರಾಂತಿಯ ದಿನ ಗೊತ್ತು. ಆ ಕುಳ್ಳರಿಗೆ ತಮ್ಮ ದಿನದ ಲೆಕ್ಕವೇ ಮರೆತುಹೋಗಿದೆ. ಅಧಿಸೂಚನೆ ಯಾವಾಗ ಬರುತ್ತದೋ ಎಂದು ಕಾಯುವ ನಮ್ಮ ಪರಿಸ್ಥಿತಿ!

ಬೆಟ್ಟ ತಲುಪಿದ ಮೇಲೆ ಅವರು ಬಾಗಿಲನ್ನು ತಳ್ಳುತ್ತಾರೆ, ಮಂತ್ರ ಹೇಳುತ್ತಾರೆ, ಹಾರೆ–ಪಿಕಾಸಿಯಿಂದ ಬಡಿಯುತ್ತಾರೆ. ಹಿಡಿಗಳು ಸೀಳುತ್ತವೆ, ಉಕ್ಕು ಬಾಗುತ್ತದೆ, ಬಾಗಿಲು ಅಲುಗುವುದಿಲ್ಲ. ಬಿಲ್ಬೊ ಮಾತ್ರ ಹೊಸ್ತಿಲ ಬಳಿ ಸುಮ್ಮನೆ ಕೂತಿರುತ್ತಾನೆ. ಒಂದು ಸಂಜೆ ಥ್ರಷ್ ಹಕ್ಕಿಯೊಂದು ಬಸವನಹುಳುವನ್ನು ಕಲ್ಲಿಗೆ ಕುಕ್ಕುವ ಸದ್ದು ಕೇಳಿದಾಗ ಅವನಿಗೆ ನಕ್ಷೆಯ ಮಾತು ನೆನಪಾಗುತ್ತದೆ. ಎಲ್ಲರನ್ನೂ ಕೂಗುತ್ತಾನೆ. ಸೂರ್ಯ ಇಳಿಯುತ್ತಾನೆ, ಏನೂ ಆಗುವುದಿಲ್ಲ. ಆಸೆ ಬತ್ತಿದ ಹೊತ್ತಿಗೆ ಮೋಡದ ಬಿರುಕಿನಿಂದ ಒಂದೇ ಒಂದು ಕೆಂಪು ಕಿರಣ ಬಂಡೆಗೆ ಬೀಳುತ್ತದೆ. ಕಲ್ಲಿನ ಚಕ್ಕೆ ಉದುರಿ ರಂಧ್ರ ಕಾಣುತ್ತದೆ. ‘ಕೀಲಿ! ಕೀಲಿ!’ ಎಂದು ಬಿಲ್ಬೊ ಚೀರುತ್ತಾನೆ.

ಥೋರಿನ್ ಓಡಿ ಬಂದು ಕೊರಳ ಸರಪಳಿಯಿಂದ ಕೀಲಿ ತೆಗೆಯುತ್ತಾನೆ, ತಿರುಗಿಸುತ್ತಾನೆ. ಮರುಕ್ಷಣ ಬೆಳಕು ಆರುತ್ತದೆ. 2013ರ ಸಿನಿಮಾದಲ್ಲಿ ಇದನ್ನು ಬದಲಿಸಿದ್ದಾರೆ. ಅಲ್ಲಿ ಅವನು ಹತಾಶನಾಗಿ ಕೀಲಿ ಎಸೆದು ಹೊರಡುತ್ತಾನೆ. ಪುಸ್ತಕದಲ್ಲಿ ಹಾಗಿಲ್ಲ. ಪ್ರಯಾಣ ಶುರುವಾಗುವ ಮೊದಲೇ ಕೀಲಿಯನ್ನು ಕೊರಳಿಗೆ ಹಾಕಿಕೊಂಡವನು ದಾರಿಯುದ್ದಕ್ಕೂ ಅದನ್ನು ಕಾಪಾಡಿಕೊಂಡಿರುತ್ತಾನೆ.

ಅಲ್ಲಿಗೆ ಪುಸ್ತಕ ಮುಚ್ಚಿಟ್ಟೆ. ನನಗೂ ಆ ಕಿರಣ ಬಿದ್ದಿತ್ತು. ಪ್ರಶ್ನೆಪತ್ರಿಕೆಯ ಬಂಡೆಯನ್ನು ಮೂರು ವರ್ಷ ಬಡಿದಿದ್ದೆ, ಆದರೆ ಕೀಲಿಗೆ ತುಕ್ಕು ಹಿಡಿದದ್ದನ್ನು ಒಮ್ಮೆಯೂ ನೋಡಿರಲಿಲ್ಲ.

ಮರುವಾರ ಊರಿಗೆ ಹೋಗಿ, ನಾಡಕಚೇರಿಯ ಸಾಲಿನಲ್ಲಿ ನಿಂತು, ಬೇಕಾದ ಪತ್ರಗಳನ್ನೆಲ್ಲ ಮಾಡಿಸಿಕೊಂಡೆ. ಪ್ರತಿಯೊಂದರ ಅವಧಿ ಮುಗಿಯುವ ದಿನವನ್ನು ಅಪ್ಪ ಅಡುಗೆಮನೆಯ ಕ್ಯಾಲೆಂಡರಿನ ಹಿಂದೆ ಪೆನ್ಸಿಲಿನಲ್ಲಿ ಬರೆದಿಟ್ಟರು. ವಯೋಮಿತಿಗೆ ಇನ್ನೂ ಎರಡು ವರ್ಷ ಇದೆ. ಹೊಸ ಅಧಿಸೂಚನೆ ಬಂದಿಲ್ಲ. ಓದು ನಡೆದಿದೆ.

ನಿಮ್ಮ ಪ್ರಮಾಣಪತ್ರದ ಅವಧಿ ಎಂದು ಮುಗಿಯುತ್ತದೆ? ಇವತ್ತೇ ಒಮ್ಮೆ ಫೈಲ್ ತೆರೆದು ನೋಡಿ.