ತಾನೇ ಮಾಡಿ ತಾನೇ ಊರೂರಿಗೆ ಒಯ್ದ ನಿರ್ದೇಶಕಿ

1990ರ ಮಾರ್ಚಿನಲ್ಲಿ ಬ್ರೆಜಿಲಿನ ಅಧ್ಯಕ್ಷರಾದ ಫೆರ್ನಾಂಡೊ ಕೊಲ್ಲೊರ್ ಅಧಿಕಾರ ವಹಿಸಿಕೊಂಡ ಕೂಡಲೇ ಎಂಬ್ರಾಫಿಲ್ಮೆ ಸಂಸ್ಥೆಗೆ ಬೀಗ ಹಾಕಿಸಿದರು. 1969ರಿಂದ ದೇಶದ ಸಿನಿಮಾಗಳಿಗೆ ಹಣ ಹೂಡಿ, ಅವನ್ನು ಚಿತ್ರಮಂದಿರಗಳಿಗೆ ತಲುಪಿಸುತ್ತಿದ್ದ ಸರ್ಕಾರಿ ಸಂಸ್ಥೆ ಅದು. ಅದರ ಜೊತೆಗೆ ಸಂಸ್ಕೃತಿ ಸಚಿವಾಲಯವೂ ಹೋಯಿತು. ವರ್ಷಕ್ಕೆ ಹತ್ತಾರು ಚಿತ್ರ ತೆಗೆಯುತ್ತಿದ್ದ ದೇಶದಲ್ಲಿ ಒಂದೆರಡು ವರ್ಷಗಳಲ್ಲೇ ಬೆರಳೆಣಿಕೆಯಷ್ಟು ಸಿನಿಮಾಗಳೂ ತೆರೆ ಕಾಣದ ಸ್ಥಿತಿ ಬಂತು. ಅಂಥ ಹೊತ್ತಿನಲ್ಲಿ, ಅದೂ ರಾಜಮನೆತನದ ಐತಿಹಾಸಿಕ ಕಥೆಯನ್ನು ಹಿಡಿದು, ಮೊದಲ ಪೂರ್ಣಾವಧಿ ಚಿತ್ರ ಮಾಡಲು ಹೊರಟವರು ಕಾರ್ಲಾ ಕಮುರಾಟಿ.

1960ರಲ್ಲಿ ರಿಯೊ ಡಿ ಜನೈರೊದಲ್ಲಿ ಹುಟ್ಟಿದ ಕಾರ್ಲಾ ಆ ವೇಳೆಗೆ ಮನೆಮಾತಾದ ನಟಿ. ಗ್ಲೋಬೊ ವಾಹಿನಿಯ ಧಾರಾವಾಹಿಗಳು ಹೆಸರು ತಂದುಕೊಟ್ಟಿದ್ದವು. ಆದರೆ ಅವರ ಒಲವು ಸಾವೊ ಪಾವ್ಲೊದ ಹೊಸ ಹುಡುಗರು ಕಡಿಮೆ ಹಣದಲ್ಲಿ ಮಾಡುತ್ತಿದ್ದ ಸಿನಿಮಾಗಳ ಕಡೆಗೂ ಇತ್ತು. ‘ಎ ಎಸ್ತ್ರೆಲಾ ನುವಾ’, ‘ಸಿದಾದೆ ಒಕುಲ್ತಾ’ ಅಂಥವು. 1988ರ ‘ಎತೆರ್ನಮೆಂತೆ ಪಗು’ ಚಿತ್ರದಲ್ಲಿ ಲೇಖಕಿ, ಹೋರಾಟಗಾರ್ತಿ ಪತ್ರೀಸಿಯಾ ಗಲ್ವಾಂವ್ ಪಾತ್ರ ಅವರದು. ಆ ಚಿತ್ರದ ನಿರ್ದೇಶಕಿ ನೋರ್ಮಾ ಬೆಂಗೆಲ್ ಕೂಡ ಮೂಲತಃ ನಟಿಯೇ. ನಟನೆಯಿಂದ ನಿರ್ದೇಶನಕ್ಕೆ ದಾಟಿದ ಹಿರಿಯಳೊಬ್ಬಳ ಕೈಕೆಳಗೆ ಕೆಲಸ ಮಾಡುತ್ತಿದ್ದ ದಿನಗಳಲ್ಲೇ ಕಾರ್ಲಾ ತಾವೂ ಕಿರುಚಿತ್ರಗಳಿಗೆ ಕೈಹಾಕಿದ್ದರು.

1995ರ ಜನವರಿಯಲ್ಲಿ ಬಿಡುಗಡೆಯಾದ ‘ಕಾರ್ಲೋಟಾ ಜೊವಾಕಿನಾ, ಬ್ರೆಜಿಲಿನ ರಾಜಕುಮಾರಿ’ಯ ಕಥೆ ಹೀಗಿದೆ: ಸ್ಪೇನಿನ ಅರಸುಮನೆಯ ಹುಡುಗಿ ಕಾರ್ಲೋಟಾಳನ್ನು ಹತ್ತನೇ ವಯಸ್ಸಿಗೇ ಪೋರ್ಚುಗಲ್ಲಿನ ರಾಜಕುಮಾರ ಜೊವಾಂವ್‌ಗೆ ಕೊಟ್ಟು ಮದುವೆ ಮಾಡುತ್ತಾರೆ. 1807ರ ನವೆಂಬರಿನಲ್ಲಿ ನೆಪೋಲಿಯನ್ನನ ಸೇನೆ ಲಿಸ್ಬನ್ನಿನ ಹತ್ತಿರ ಬಂದಾಗ ಇಡೀ ಆಸ್ಥಾನ ಹಡಗು ಹತ್ತಿ ಬ್ರೆಜಿಲಿಗೆ ಓಡಿಬರುತ್ತದೆ. 1821ರವರೆಗೆ ರಿಯೊದಲ್ಲೇ ಠಿಕಾಣಿ. ಅಲ್ಲಿಂದ ಹೊರಡುವಾಗ ಕಾರ್ಲೋಟಾ ಈ ನೆಲದ ಧೂಳೂ ಬೇಡವೆಂದು ಪಾದರಕ್ಷೆ ಕೊಡವಿ ಹೋದಳೆಂಬ ಮಾತು ಬ್ರೆಜಿಲಿನಲ್ಲಿ ಇಂದಿಗೂ ಉಳಿದಿದೆ.

ಅರಮನೆಯ ವೈಭವ ತೋರಿಸಲು ಕಾರ್ಲಾರ ಬಳಿ ಹಣವಿರಲಿಲ್ಲ. ಅವರು ನಾಟಕದ ಜಾಣ್ಮೆ ಬಳಸಿದರು: ಕಣ್ಣು ಕುಕ್ಕುವ ವೇಷಭೂಷಣ, ಉದ್ದೇಶಪೂರ್ವಕವಾಗಿ ಹಿಗ್ಗಿಸಿದ ಅಭಿನಯ. ಮಾರಿಯೆಟಾ ಸೆವೆರೊ ಸಿಡುಕಿನ, ಹಟದ ಕಾರ್ಲೋಟಾ ಆದರೆ, ಮಾರ್ಕೊ ನನೀನಿ ಸದಾ ಕೋಳಿಮಾಂಸ ತಿನ್ನುತ್ತಿರುವ ಅಳ್ಳೆದೆಯ ದೊರೆ. ಸ್ಕಾಟ್ಲೆಂಡಿನ ಕಡಲ ದಂಡೆಯಲ್ಲಿ ಒಬ್ಬಾತ ಚಿಕ್ಕ ಹುಡುಗಿಗೆ ಹೇಳುವ ಕಥೆಯೆಂಬ ಚೌಕಟ್ಟು ಇಡೀ ಚಿತ್ರಕ್ಕಿದೆ. ಕೇಳುವ ಹುಡುಗಿಯೂ ಬಾಲ್ಯದ ಕಾರ್ಲೋಟಾಳೂ ಒಬ್ಬಳೇ ಬಾಲನಟಿ, ಲುದ್ಮಿಲಾ ದಾಯೆರ್.

ಇತಿಹಾಸಕಾರರು ಸಿಟ್ಟಾದರು. ಆ ಸಿಟ್ಟಿನಲ್ಲಿ ಹುರುಳಿಲ್ಲ ಎನ್ನಲಾರೆ. ರಿಯೊಗೆ ಬಂದ ವರ್ಷವೇ ಬ್ಯಾಂಕು, ಮುದ್ರಣಾಲಯ, ಸಸ್ಯೋದ್ಯಾನಗಳನ್ನು ಆರಂಭಿಸಿದ ಜೊವಾಂವ್ ಬರೀ ಹೊಟ್ಟೆಬಾಕನಾಗಿದ್ದಿರಲಾರ. ಆದರೆ ದಂತಕಥೆಯ ದಾರಿಯಲ್ಲೇ ಹೋಗುತ್ತೇನೆಂದು ಚಿತ್ರ ಮೊದಲ ದೃಶ್ಯದಲ್ಲೇ ಹೇಳಿಬಿಡುತ್ತದೆ. ತಮ್ಮನ್ನು ಆಳಿದವರನ್ನು ನೋಡಿ ಮನಸಾರೆ ನಗುವ ಅವಕಾಶ ಸಿಕ್ಕಿದ್ದು ಜನರಿಗೆ ಬೇಕಾಗಿತ್ತು ಎಂದೇ ನನಗೆ ತೋರುತ್ತದೆ.

ಚಿತ್ರ ಮುಗಿದರೂ ಹಂಚಿಕೆಗೆ ಎಂಬ್ರಾಫಿಲ್ಮೆ ಇರಲಿಲ್ಲ, ಹಾಲಿವುಡ್ ಸಿನಿಮಾಗಳಿಂದ ತುಂಬಿದ್ದ ಚಿತ್ರಮಂದಿರಗಳಲ್ಲಿ ಜಾಗವಿರಲಿಲ್ಲ. ಕಾರ್ಲಾ ವಿತರಣೆಯನ್ನೂ ತಾವೇ ಕೈಗೆತ್ತಿಕೊಂಡರು. ಕೆಲವೇ ಪ್ರಿಂಟುಗಳನ್ನು ಹಿಡಿದು ನಗರದಿಂದ ನಗರಕ್ಕೆ ಹೋದರು, ಚಿತ್ರಮಂದಿರದವರೊಡನೆ ತಾವೇ ಮಾತಾಡಿದರು. ನೋಡಿದವರು ಇನ್ನೊಬ್ಬರಿಗೆ ಹೇಳಿದರು. ವಾರಗಳು ಉರುಳಿದಂತೆ ಪ್ರೇಕ್ಷಕರ ಸಂಖ್ಯೆ ಹತ್ತು ಲಕ್ಷ ದಾಟಿತು. ಬ್ರೆಜಿಲಿನ ಸಿನಿಮಾ ಮರುಹುಟ್ಟು ಪಡೆದ ಕಾಲವನ್ನು ಅಲ್ಲಿನವರು ಈ ಚಿತ್ರದಿಂದಲೇ ಎಣಿಸುವುದುಂಟು. ನಿರ್ದೇಶಕಿಯಾಗಿ ಅವರು ತೋರಿದ ಪ್ರತಿಭೆಗಿಂತ ಒಂದು ತೂಕ ಹೆಚ್ಚಾಗಿ ನಾನು ಮೆಚ್ಚುವುದು ಈ ಓಡಾಟವನ್ನು. ಸಿನಿಮಾ ಮಾಡಿದರಷ್ಟೇ ಸಾಲದು, ನೋಡುವವರ ಬಳಿಗೆ ಅದನ್ನು ಕೊಂಡೊಯ್ಯುವುದೂ ತನ್ನ ಕೆಲಸವೇ ಎಂದುಕೊಂಡವರು ಅವರು.

ಮುಂದೆ ಪೆರ್ಗೊಲೆಸಿಯ ಒಪೆರಾ ‘ಲಾ ಸೆರ್ವಾ ಪದ್ರೋನಾ’ವನ್ನು ಚಿತ್ರವಾಗಿಸಿದರು. ತೊಂಬತ್ತರ ಹೊಸ್ತಿಲಲ್ಲಿರುವ ಮುದುಕನೊಬ್ಬನ ನೆನಪುಗಳ ‘ಕೊಪಕಬಾನಾ’ (2001), ನಂತರ ‘ಇರ್ಮಾ ವಾಪ್’ (2006) ಬಂದವು. ಯಾವುದೂ ಕಾರ್ಲೋಟಾಳಷ್ಟು ಸದ್ದು ಮಾಡಲಿಲ್ಲ. ಪ್ರೇಕ್ಷಕರನ್ನು ಹುಡುಕಿ ಹೋಗುವ ಗುಣ ಮಾತ್ರ ಬಿಡಲಿಲ್ಲ: 2003ರಲ್ಲಿ ಆರಂಭಿಸಿದ ಮಕ್ಕಳ ಅಂತರರಾಷ್ಟ್ರೀಯ ಚಿತ್ರೋತ್ಸವ ಒಂದೇ ಊರಿಗೆ ಕಟ್ಟುಬೀಳದೆ ಹಲವು ನಗರಗಳಿಗೆ ಹೋಗುತ್ತದೆ. 2007ರಲ್ಲಿ ರಿಯೊದ ಮುನಿಸಿಪಲ್ ಥಿಯೇಟರಿನ ಆಡಳಿತ ಅವರ ಕೈಗೆ ಬಂತು. 1909ರಲ್ಲಿ ತೆರೆದ, ಪ್ಯಾರಿಸ್ಸಿನ ಒಪೆರಾ ಮನೆಯನ್ನು ಕಂಡು ಕಟ್ಟಿದ ಆ ಭವ್ಯ ರಂಗಮಂದಿರ ಶತಮಾನೋತ್ಸವದ ನೆಪದಲ್ಲಿ ಜೀರ್ಣೋದ್ಧಾರ ಕಂಡದ್ದು ಅವರ ಅವಧಿಯಲ್ಲೇ.

2021ರ ಸಾಕ್ಷ್ಯಚಿತ್ರದಲ್ಲಿ ಅವರು ಮತ್ತೆ ದೇಶವಾಳುವವರ ಕಡೆಗೇ ತಿರುಗಿದರು. ಸೇನಾಡಳಿತ ಮುಗಿದ ಮೇಲಿನ ಎಂಟು ಅಧ್ಯಕ್ಷರ ಕಥೆಯನ್ನು ಹಳೆಯ ದೃಶ್ಯ ದಾಖಲೆಗಳಿಂದ ಕಟ್ಟಿದರು. ಎಂಬ್ರಾಫಿಲ್ಮೆಗೆ ಬೀಗ ಹಾಕಿಸಿದ ಕೊಲ್ಲೊರ್ ಕೂಡ ಆ ಎಂಟು ಮಂದಿಯಲ್ಲಿ ಒಬ್ಬರು.