ಚಾಮುಂಡಿಬೆಟ್ಟದ ದಾರಿ

ಮೈಸೂರಿನವರಿಗೆ ಚಾಮುಂಡಿಬೆಟ್ಟದ ಪರಿಚಯವನ್ನು ಹೊಸದಾಗಿ ಮಾಡಿಕೊಡಬೇಕಾದ ಅವಶ್ಯಕತೆಯಿಲ್ಲ. ಊರಿನ ಆಗ್ನೇಯ ದಿಕ್ಕಿಗೆ ಕಣ್ಣು ಹಾಯಿಸಿದರೆ ಅದು ಎದುರಿಗೇ ಇದೆ. ದೇವಿಯ ಮಹಿಮೆಯನ್ನೂ ಮಹಿಷಾಸುರನ ಕಥೆಯನ್ನೂ ಎಲ್ಲರೂ ಬಲ್ಲರು. ಆದರೆ ಬೆಟ್ಟವನ್ನು ಹತ್ತಿಸುವ ದಾರಿಗೂ ಒಂದು ಚರಿತ್ರೆಯಿದೆ ಎಂಬುದನ್ನು ನಾವು ಸಾಮಾನ್ಯವಾಗಿ ಆಲೋಚಿಸುವುದಿಲ್ಲ. ಗುಡಿಯನ್ನು ಕಂಡೊಡನೆ ದಾರಿ ಮರೆತುಹೋಗುತ್ತದೆ. ಹಾಗೆ ಮರೆತುಹೋಗುವ ದಾರಿಯ ವಿಷಯವನ್ನೇ ಈ ಹೊತ್ತು ಸ್ವಲ್ಪ ವಿಚಾರಮಾಡೋಣ.

ಬೆಟ್ಟದ ನೆತ್ತಿ ಸಮುದ್ರಮಟ್ಟಕ್ಕೆ ಸುಮಾರು 3,489 ಅಡಿ ಎತ್ತರದಲ್ಲಿದೆ. ಊರಿಗಿಂತ ಸುಮಾರು ಸಾವಿರ ಅಡಿ ಮೇಲೆ. ಇದರ ಹಳೆಯ ಹೆಸರು ಮಹಾಬಲಾದ್ರಿ. ಮೇಲಿರುವ ಮಹಾಬಲೇಶ್ವರನ ಗುಡಿ ಬಹಳ ಪುರಾತನವಾದದ್ದು. ಹೊಯ್ಸಳರ ಕಾಲಕ್ಕಾಗಲೇ ಇದು ಪ್ರಸಿದ್ಧ ತೀರ್ಥವಾಗಿತ್ತೆಂಬುದಕ್ಕೆ 12ನೆಯ ಶತಮಾನದ ಶಾಸನವಿದೆ. ಎಂದಮೇಲೆ ಮೆಟ್ಟಿಲುಗಳಿಗಿಂತ ಮೊದಲೇ, ಶತಮಾನಗಳ ಕಾಲ, ಜನರು ಈ ಬೆಟ್ಟವನ್ನು ಹತ್ತುತ್ತಿದ್ದರು. ಬಂಡೆಗಳ ನಡುವೆ ಕಾಲು ತುಳಿದು ತುಳಿದು ಆದ ಜಾಡೇ ಅವರ ದಾರಿಯಾಗಿದ್ದಿರಬೇಕು. 1572ರಿಂದ 1576ರ ವರೆಗೆ ಆಳಿದ ಬೋಳ ಚಾಮರಾಜ ಒಡೆಯರು ದೇವರ ದರ್ಶನಕ್ಕೆಂದು ಬೆಟ್ಟಕ್ಕೆ ಹೋಗಿದ್ದಾಗ ಸಿಡಿಲು ಬಡಿದು, ಪ್ರಾಣವುಳಿದು, ತಲೆಗೂದಲು ಮಾತ್ರ ಹೋಯಿತೆಂಬ ಐತಿಹ್ಯವನ್ನು ನಾವೆಲ್ಲ ಕೇಳಿದ್ದೇವೆ. ಆ ಅರಸರು ಹತ್ತಿದಾಗ ಇಂದಿನ ಸೋಪಾನವಿರಲಿಲ್ಲ.

ಸೋಪಾನವನ್ನು ಕಟ್ಟಿಸಿದ ಕೀರ್ತಿ 1659ರಿಂದ 1673ರ ವರೆಗೆ ರಾಜ್ಯಭಾರಮಾಡಿದ ದೊಡ್ಡ ದೇವರಾಜ ಒಡೆಯರಿಗೆ ಸಲ್ಲುತ್ತದೆ. ಸುಮಾರು ಸಾವಿರ ಮೆಟ್ಟಿಲುಗಳು. ಮೂರರಲ್ಲಿ ಎರಡು ಪಾಲು ಹತ್ತಿದ ಕಡೆ ಒಂದೇ ಬಂಡೆಯಲ್ಲಿ ಕಡೆದ ನಂದಿ. ಈ ನಂದಿ ಹದಿನೈದು ಅಡಿಗೂ ಮಿಕ್ಕಿ ಎತ್ತರ, ಸುಮಾರು ಇಪ್ಪತ್ತೈದು ಅಡಿ ಉದ್ದವಾಗಿದೆ. ಶಿಲ್ಪದ ದೃಷ್ಟಿಯಿಂದ ಇದನ್ನು ಹೊಗಳಿದವರು ಅನೇಕರು. ದಾರಿಯ ದೃಷ್ಟಿಯಿಂದ ನೋಡಿದರೆ ಇನ್ನೊಂದು ಔಚಿತ್ಯವೂ ತೋರುತ್ತದೆ. ಉಸಿರು ಮೇಲಕ್ಕೆ ಬಂದು, ಮೊಳಕಾಲು ಸೋತು, ಇನ್ನೆಷ್ಟು ದೂರವೋ ಎನ್ನಿಸುವ ಹೊತ್ತಿಗೆ ಸರಿಯಾಗಿ ನಂದಿ ಎದುರಾಗುತ್ತದೆ. ಪ್ರದಕ್ಷಿಣೆ ಮಾಡಿ, ಸ್ವಲ್ಪ ಹೊತ್ತು ಕುಳಿತು, ಗಾಳಿ ಸೇವಿಸಿದವರಿಗೆ ಉಳಿದ ಮೆಟ್ಟಿಲುಗಳು ಹಗುರವಾಗುತ್ತವೆ.

ಮೆಟ್ಟಿಲುದಾರಿಯ ಮುಖ್ಯ ಗುಣವನ್ನು ಇಲ್ಲಿ ಗಮನಿಸಬೇಕು. ಅದರ ಅಳತೆಗೋಲು ಮನುಷ್ಯನ ಕಾಲು. ಅದರ ಮೇಲೆ ಗಾಡಿ ಹತ್ತಲಾರದು. ಅನುಕೂಲಸ್ಥರು ಪಲ್ಲಕ್ಕಿಯಲ್ಲಿ ಕುಳಿತರೂ ಹೊತ್ತವರ ಕಾಲು ನಡೆದಷ್ಟೇ ವೇಗ. 1827ರ ಸುಮಾರಿನಲ್ಲಿ ಮುಮ್ಮಡಿ ಕೃಷ್ಣರಾಜ ಒಡೆಯರು ದೇವಾಲಯವನ್ನು ಜೀರ್ಣೋದ್ಧಾರಮಾಡಿ, ಗೋಪುರವನ್ನೆತ್ತಿಸಿ, ದೇವಿಗೆ ನಕ್ಷತ್ರಮಾಲಿಕೆಯನ್ನೂ ಸಿಂಹವಾಹನವನ್ನೂ ಒಪ್ಪಿಸಿದ ಮೇಲೆ ಕ್ಷೇತ್ರದ ವೈಭವ ಬಹಳ ಹೆಚ್ಚಿತು. ಆದರೂ ಹತ್ತುವವನ ಶ್ರಮ ಹೆಚ್ಚುಕಡಮೆ ಅಷ್ಟೇ ಉಳಿಯಿತು. ಯಾತ್ರೆಯೆಂದರೆ ಒಂದು ದಿನದ ಕೆಲಸ. ಬೆಟ್ಟ ಹತ್ತುವುದೇ ಅರ್ಧ ಸೇವೆ.

ಚಕ್ರದ ದಾರಿ ಬಂದದ್ದು ಈ ಲೆಕ್ಕವನ್ನು ಬದಲಾಯಿಸಿತು. ಮೆಟ್ಟಿಲು ಇಳಿಜಾರಿನ ಮೇಲೆ ನೇರವಾಗಿ ಏರಬಹುದು. ಚಕ್ರ ಹಾಗೆ ಏರಲಾರದು. ಇಪ್ಪತ್ತು ಅಡಿ ಮುಂದುವರಿದರೆ ಒಂದು ಅಡಿ ಏರುವ ದಾರಿಯನ್ನು ಊಹಿಸೋಣ. ಸಾವಿರ ಅಡಿ ಏರಬೇಕಾದರೆ ಅದು ಇಪ್ಪತ್ತು ಸಾವಿರ ಅಡಿ, ಎಂದರೆ ನಾಲ್ಕು ಮೈಲಿಗೆ ಸ್ವಲ್ಪ ಕಡಮೆ, ಉದ್ದವಿರಬೇಕು. ಅಷ್ಟು ಉದ್ದವನ್ನು ಒಂದು ಬೆಟ್ಟದ ಮೈಮೇಲೆ ಅಳವಡಿಸುವುದು ಹೇಗೆ? ಸುತ್ತಿಸಬೇಕು, ತಿರುಗಿಸಬೇಕು. ಆದುದರಿಂದಲೇ ಇಂದು ಊರಿನಿಂದ ಮೋಟಾರಿನಲ್ಲಿ ಬೆಟ್ಟದ ಗುಡಿಗೆ ಸುಮಾರು ಎಂಟು ಮೈಲಿ. ನಾಲ್ವಡಿ ಕೃಷ್ಣರಾಜ ಒಡೆಯರ ಕಾಲದಲ್ಲಿ ಬೆಟ್ಟದ ಬುಡದ ಕಡೆ ಲಲಿತಮಹಲ್ ಎದ್ದಿತು. ನೆತ್ತಿಯ ಮೇಲೆ ರಾಜೇಂದ್ರವಿಲಾಸವೆಂಬ ಅರಮನೆಯಾಯಿತು. ಅರಸರಿಗೂ ಅತಿಥಿಗಳಿಗೂ ಅನುಕೂಲವಾದ ದಾರಿ ಕ್ರಮೇಣ ಎಲ್ಲರ ದಾರಿಯಾಯಿತು. ವೃದ್ಧರು, ರೋಗಿಗಳು, ಕಂಕುಳಲ್ಲಿ ಮಗುವಿರುವ ತಾಯಂದಿರು ನಿರಾಯಾಸವಾಗಿ ದರ್ಶನಮಾಡಿ ಬರುವಂತಾದದ್ದು ಸಣ್ಣ ಉಪಕಾರವಲ್ಲ. ಇದನ್ನು ಮರೆತು ಹಳೆಯದನ್ನು ಮಾತ್ರ ಹೊಗಳುವುದು ನ್ಯಾಯವಲ್ಲ.

ಆದರೆ ದಾರಿ ಬದಲಾದೊಡನೆ ಯಾತ್ರೆಯ ಸ್ವರೂಪವೂ ಬದಲಾಯಿತು. ಒಂದು ದಿನದ ಕೆಲಸ ಒಂದು ಗಂಟೆಯದಾಯಿತು. ಕವಲುದಾರಿಯಲ್ಲಿ ವಾಹನ ನಂದಿಯವರೆಗೂ ಹೋದುದರಿಂದ, ವಿಶ್ರಾಂತಿಯ ಸ್ಥಳವಾಗಿದ್ದ ನಂದಿ ಪ್ರತ್ಯೇಕ ನೋಟವಾಯಿತು. ಎಲ್ಲಕ್ಕಿಂತ ದೊಡ್ಡ ಬದಲಾವಣೆ ದಸರೆಯದು. ಹಿಂದೆ ಅರಸರು ಬೆಟ್ಟ ಹತ್ತಿ ದೇವಿಯ ಬಳಿಗೆ ಹೋಗುತ್ತಿದ್ದರು. ವಿಜಯದಶಮಿಯ ಅಂಬಾರಿಯಲ್ಲಿ ಕುಳಿತು ಬರುತ್ತಿದ್ದವರೂ ಅರಸರೇ. ರಾಜರ ಸವಾರಿ ನಿಂತು, 1971ರಲ್ಲಿ ರಾಜಧನವೂ ರದ್ದಾದ ತರುವಾಯದ ವರ್ಷಗಳಲ್ಲಿ, ಚಿನ್ನದ ಅಂಬಾರಿಯಲ್ಲಿ ದೇವಿಯ ಉತ್ಸವಮೂರ್ತಿ ಬಿಜಯಮಾಡತೊಡಗಿತು. ಅದಕ್ಕಾಗಿ ಮೂರ್ತಿಯನ್ನು ಬೆಟ್ಟದಿಂದ ಅರಮನೆಗೆ ಕರೆತರುವುದು ಇದೇ ವಾಹನದ ದಾರಿಯಲ್ಲಿ. ಜನ ದೇವಿಯ ಬಳಿಗೆ ಏರುವುದಕ್ಕಿದ್ದ ದಾರಿ, ದೇವಿ ಜನರ ಬಳಿಗೆ ಇಳಿಯುವ ದಾರಿಯೂ ಆಯಿತು.

ಇನ್ನು ಬೆಟ್ಟದ ಕಡೆಯಿಂದ ವಿಚಾರಮಾಡಬೇಕು. ಬೆಟ್ಟ ಕಗ್ಗಲ್ಲೇ ಆದರೂ ಅದರ ಮೈಮೇಲೆ ಬಿಸಿಲು ಮಳೆಗಳಿಂದ ಸವೆದು ಪುಡಿಯಾದ ಮಣ್ಣಿನ ಹೊದಿಕೆಯಿದೆ. ಉರುಳುಗಲ್ಲುಗಳು ಅದರಲ್ಲಿ ಹುದುಗಿವೆ. ಇಂಥ ಇಳಿಜಾರಿನಲ್ಲಿ ವಾಹನದ ದಾರಿಯನ್ನು ಮಾಡುವ ಕ್ರಮವೇನೆಂದರೆ, ಬೆಟ್ಟದ ಕಡೆಯ ಮಗ್ಗುಲನ್ನು ಕಡಿಯುವುದು, ಕಡಿದ ಮಣ್ಣನ್ನು ಕಣಿವೆಯ ಕಡೆಗೆ ತುಂಬಿ ತಡೆಗೋಡೆ ಕಟ್ಟುವುದು. ಮೇಲಿನಿಂದ ಇಳಿಯುವ ಮಳೆಯ ನೀರು ಒಳಮಗ್ಗುಲಿನ ಚರಂಡಿಯಲ್ಲಿ ಹರಿದು, ಮೋರಿಯ ಮೂಲಕ ದಾರಿಯನ್ನು ದಾಟಬೇಕು. ಚರಂಡಿ ಕಸದಿಂದ ಕಟ್ಟಿಕೊಂಡಿತೋ, ನೀರು ತುಂಬಿದ ಮಣ್ಣಿಗೆ ಇಳಿಯುತ್ತದೆ. ನೆನೆದ ಮಣ್ಣಿನ ಭಾರ ಹೆಚ್ಚುತ್ತದೆ, ಬಿಗಿ ಕಡಮೆಯಾಗುತ್ತದೆ. ಒಂದು ರಾತ್ರಿ ಗೋಡೆಯನ್ನು ತಳ್ಳಿಕೊಂಡು ಅಂಚು ಜಾರಿಹೋಗುತ್ತದೆ. ಜಡಿಮಳೆ ವಾರಗಟ್ಟಲೆ ಹಿಡಿದರೆ ಒಳ್ಳೆಯ ಚರಂಡಿಯೂ ಸೋಲಬಹುದು. 2021ರ ಅಕ್ಟೋಬರ್, ನವೆಂಬರ್ ತಿಂಗಳುಗಳ ಅತಿವೃಷ್ಟಿಯಲ್ಲಿ ನಂದಿಯ ಕಡೆಗೆ ಹೋಗುವ ದಾರಿ ಕುಸಿದು ಸಂಚಾರ ನಿಂತುದನ್ನು ಮೈಸೂರಿನವರು ಮರೆತಿಲ್ಲ. ಮೆಟ್ಟಿಲುಗಳಿಗಾಗಿ ಬೆಟ್ಟವನ್ನು ಇಷ್ಟು ಅಗಲವಾಗಿ ಕಡಿಯಬೇಕಾಗಿರಲಿಲ್ಲ; ಅಲ್ಲಿ ಒಂದು ಕಲ್ಲು ಅಲುಗಿದರೆ ಆ ಒಂದು ಕಲ್ಲನ್ನು ಕೂರಿಸಿದರೆ ತೀರಿತು.

ಹೀಗಿರುವಾಗ ಜನ ಹೆಚ್ಚಿದರು, ಆದುದರಿಂದ ದಾರಿಯನ್ನು ಇನ್ನೂ ಅಗಲಮಾಡೋಣವೆಂಬ ಮಾತು ಕೇಳುವುದಕ್ಕೆ ಎಷ್ಟು ಸುಲಭವೋ ಬೆಟ್ಟಕ್ಕೆ ಅಷ್ಟು ಸುಲಭವಲ್ಲ. ಬಯಲಿನಲ್ಲಿ ದಾರಿಯನ್ನು ಹತ್ತು ಅಡಿ ಅಗಲಿಸಿದರೆ ಹತ್ತು ಅಡಿ ನೆಲ ಹೋಗುತ್ತದೆ. ಬೆಟ್ಟದಲ್ಲಿ ಹಾಗೆ ಅಗಲಿಸಿದರೆ ಮೇಲಿನ ಇಳಿಜಾರು ಇನ್ನೂ ಎತ್ತರಕ್ಕೆ ಆಸರೆ ಕಳೆದುಕೊಳ್ಳುತ್ತದೆ, ಕೆಳಗಿನ ಗೋಡೆ ಇನ್ನೂ ಹೆಚ್ಚು ಭಾರ ಹೊರಬೇಕಾಗುತ್ತದೆ. ಆದಕಾರಣ ಕೇಳಬೇಕಾದ ಪ್ರಶ್ನೆ, ಎಷ್ಟು ವಾಹನ ಹತ್ತಬಲ್ಲವು ಎಂಬುದಲ್ಲ; ಎಷ್ಟು ಕಡಮೆ ವಾಹನಗಳಿಂದ ಎಷ್ಟು ಜನರನ್ನು ಹತ್ತಿಸಬಹುದು ಎಂಬುದು. ಇದಕ್ಕೆ ಉತ್ತರವನ್ನು ನಾವು ದೂರ ಹುಡುಕಬೇಕಾಗಿಲ್ಲ. ಈಚಿನ ವರ್ಷಗಳ ಆಷಾಢ ಶುಕ್ರವಾರಗಳಂದು ಖಾಸಗಿ ವಾಹನಗಳನ್ನು ಕೆಳಗೇ ನಿಲ್ಲಿಸಿ, ಲಲಿತಮಹಲಿನ ಬಳಿಯಿಂದ ಸರ್ಕಾರಿ ಬಸ್ಸುಗಳಲ್ಲಿ ಜನರನ್ನು ಮೇಲಕ್ಕೆ ಕಳುಹಿಸಿದ ಏರ್ಪಾಟನ್ನು ಕಂಡಿದ್ದೇವೆ. ಐವತ್ತು ಜನ ಹತ್ತು ಕಾರುಗಳಲ್ಲಿ ಹೋಗುವ ಬದಲು ಒಂದು ಬಸ್ಸಿನಲ್ಲಿ ಹೋದರು. ಅತಿ ಜನಸಂದಣಿಯ ದಿನದಲ್ಲಿ ಸಾಧ್ಯವಾದದ್ದು ಸಾಧಾರಣ ಭಾನುವಾರದಲ್ಲಿ ಅಸಾಧ್ಯವಾಗಬೇಕಾದ ಕಾರಣವಿಲ್ಲ.

ಮೆಟ್ಟಿಲುಗಳ ಗತಿಯೇನಾಯಿತು? ಮೋಟಾರು ಬಂದಮೇಲೆ ಅವು ಪಾಳುಬೀಳಬಹುದಾಗಿತ್ತು, ಬೀಳಲಿಲ್ಲ. ಮುಂಜಾನೆ ಆರೋಗ್ಯಕ್ಕಾಗಿ ಹತ್ತುವವರ ಸಾಲು ದಿನವೂ ಇದೆ. ಆಷಾಢದಲ್ಲಿ ಹರಕೆ ಹೊತ್ತ ಹೆಣ್ಣುಮಕ್ಕಳು ಒಂದೊಂದು ಮೆಟ್ಟಿಲಿಗೂ ಬಗ್ಗಿ ಅರಿಸಿನ ಕುಂಕುಮವಿಟ್ಟು ಮುಂದೆ ಸಾಗುತ್ತಾರೆ. ದೊಡ್ಡ ದೇವರಾಜ ಒಡೆಯರು ವ್ಯಾಯಾಮಕ್ಕೆಂದು ಇದನ್ನು ಕಟ್ಟಿಸಲಿಲ್ಲ. ಆದರೂ ಮೂರೂವರೆ ಶತಮಾನಗಳ ತರುವಾಯ ಅದು ಆ ಉಪಯೋಗಕ್ಕೂ ಒದಗಿತು. ಕಾಲಿಗೆ ಶಕ್ತಿಯಿರುವವರು ವರ್ಷದಲ್ಲಿ ಕೆಲವು ಸಲವಾದರೂ ಈ ದಾರಿಯನ್ನು ಹಿಡಿದರೆ, ಮೇಲಿನ ದಾರಿಯಲ್ಲಿ ಶಕ್ತಿಯಿಲ್ಲದವರಿಗೆ ಅಷ್ಟು ಸ್ಥಳ ಬಿಟ್ಟುಕೊಟ್ಟಂತಾಗುತ್ತದೆ. ಬೆಟ್ಟದ ಭಾರವೂ ಅಷ್ಟು ಇಳಿಯುತ್ತದೆ.